ಅಪ್ಪನ ಬಾಣಂತನ

ಆ ವರ್ಷ ಗಜೇಂದ್ರಗಡದ ನಮ್ಮ ಮನೆಯಲ್ಲಿ ಇಬ್ಬರು ಬಾಣಂತಿಯರಿದ್ದರು. ಒಬ್ಬಳು ನಾನು, ಚೊಚ್ಚಲ ಹೆರಿಗೆಗೆಂದು ನರಗುಂದದ ಗಂಡನ ಮನೆಯಿಂದ ತವರಿಗೆ ಬಂದವಳು. ಇನ್ನೊಬ್ಬರು ನಮ್ಮಪ್ಪ. ಇದನ್ನು ಹೇಳಿದರೆ ನನ್ನ ಮೊಮ್ಮಕ್ಕಳು ಈಗಲೂ ನಂಬುವುದಿಲ್ಲ. ನಂಬದಿದ್ದರೆ ಬಿಡಲಿ. ಅವರ ಜೊತೆ ಒಂದೇ ಕೋಣೆಯಲ್ಲಿದ್ದು ಅವರ ಪಾಲಿನ ಅಂಟಿನ ಉಂಡಿಯನ್ನೂ ಕದ್ದು ತಿಂದವಳು ನಾನು.

ನಾವಿನ್ನೂ ಮುಂಬಯಿ ಸರಕಾರದ ಕೆಳಗಿದ್ದ ಕಾಲ ಅದು. ಅಪ್ಪ ಹತ್ತಿ, ಶೇಂಗಾ ದಲಾಲಿ ಮಾಡುತ್ತಿದ್ದರು. ತಲೆಯ ಮೇಲೆ ರುಮಾಲು, ಬಾಯಲ್ಲಿ ಎಲೆಯಡಿಕೆ, ಕಾಲಿಗೆ ಚಕ್ರ. ಬೆಳಿಗ್ಗೆ ರೋಣದಲ್ಲಿ ಕಂಡವರು ಸಂಜೆಗೆ ನರಗುಂದದ ಪೇಟೆಯಲ್ಲಿ ಇರುತ್ತಿದ್ದರು. ಊಟಕ್ಕೆ ಕೂತಾಗಲೂ ಒಂದು ಮೊಣಕಾಲು ಎತ್ತಿಟ್ಟುಕೊಂಡೇ ಇರುತ್ತಿದ್ದರು, ಯಾರಾದರೂ ಕರೆದರೆ ತಟ್ಟನೆ ಏಳಲಿಕ್ಕೆ. ಇಂಥವರಿಗೆ ಒಂದು ದಿನ ಹೊಟ್ಟೆನೋವು ಬಂತು. ಕಷಾಯ ಆಯಿತು, ಇಂಗು ಆಯಿತು, ದೃಷ್ಟಿ ತೆಗೆದದ್ದಾಯಿತು. ಕೊನೆಗೆ ನಮ್ಮ ಕಾಕಾ, ಅಂದರೆ ಅಪ್ಪನ ತಮ್ಮ, ಅವರನ್ನು ಬಸ್ಸಿಗೆ ಹಾಕಿಕೊಂಡು ಒಂದು ದೊಡ್ಡ ದವಾಖಾನೆಗೆ ಕರೆದೊಯ್ದ. ಅದರ ಹೆಸರು ಇಲ್ಲಿ ಬೇಡ. ಕರುಳಿಗೆ ಅಂಟಿಕೊಂಡ ಬಾಲದಂಥದೊಂದು ಬಾತಿದೆ, ಕತ್ತರಿಸಿ ತೆಗೆಯಬೇಕು ಎಂದರಂತೆ.

ಕ್ಲೋರೋಫಾರ್ಮ್ ಮೂಗಿಗೆ ಹಿಡಿದದ್ದೇ ತಡ, ಅಪ್ಪನ ಎದೆಬಡಿತ ನಿಂತುಹೋಯಿತು. ಹೊರಗೆ ಕಟ್ಟೆಯ ಮೇಲೆ ಕೂತಿದ್ದ ಕಾಕಾನ ಹತ್ತಿರ ದವಾಖಾನೆಯ ಆಳೊಬ್ಬ ಓಡಿಬಂದು, "ಹೋದ್ರು" ಎಂದ. ಕಾಕಾ ಎದೆ ಬಡಿದುಕೊಂಡು ಅಳತೊಡಗಿದ. ಇನ್ನೂ ಕಣ್ಣೀರು ಒರೆಸಿಕೊಂಡಿರಲಿಲ್ಲ, ನರ್ಸಬಾಯಿ ಬಂದು, "ಅಳಬ್ಯಾಡ್ರಿ, ಬಂದ್ರು" ಎಂದಳು. "ಹೋದ್ರು, ಬಂದ್ರು ಅನ್ನಾಕ ಇದೇನು ಬಸ್ ಸ್ಟ್ಯಾಂಡ್ ಏನ್ರೀ?" ಎಂದು ಕಾಕಾ ಅವಳ ಮೇಲೆಯೇ ಹರಿಹಾಯ್ದನಂತೆ. ನಡೆದದ್ದು ಇಷ್ಟು: ದೊಡ್ಡ ಡಾಕ್ಟರು ಒಂದು ಗಳಿಗೆಯೂ ತಡಮಾಡದೆ ಎಡಗಡೆಯ ಪಕ್ಕೆಲುಬುಗಳ ನಡುವೆ ಕೊಯ್ದು, ಒಳಗೆ ಕೈ ಹಾಕಿ, ನಿಂತ ಹೃದಯವನ್ನು ಮುಷ್ಟಿಯಲ್ಲಿ ಹಿಡಿದು ಹಿಸುಕುತ್ತ ಹಿಸುಕುತ್ತ ಮತ್ತೆ ನಡೆಸಿದ್ದರು. ಹೊಟ್ಟೆಯ ಕೆಲಸವನ್ನೂ ಆಮೇಲೆ ಮುಗಿಸಿದರು. ಹೊಟ್ಟೆ ಕೊಯ್ಯಿಸಿಕೊಳ್ಳಲು ಹೋದವರು ಎದೆಯನ್ನೂ ಕೊಯ್ಯಿಸಿಕೊಂಡು ಬಂದರು.

ಇದೆಲ್ಲ ನನಗೆ ತಡವಾಗಿ ತಿಳಿದದ್ದು. ತುಂಬಿದ ಬಸುರಿಗೆ ಹೇಳಬಾರದೆಂದು ಮನೆಯವರೆಲ್ಲ ಸೇರಿ, ಅಪ್ಪ ಶೇಂಗಾ ಖರೀದಿಗೆ ದೂರ ಹೋಗಿದ್ದಾರೆ ಎಂದು ನಂಬಿಸಿದ್ದರು. ಶೇಂಗಾ ಇನ್ನೂ ಹೊಲದಲ್ಲಿ ಹೂ ಬಿಟ್ಟಿತ್ತು. ಸುಳ್ಳು ಹೇಳಲಿಕ್ಕೂ ನಮ್ಮವರಿಗೆ ಬರುತ್ತಿರಲಿಲ್ಲ. ಅವ್ವ ದವಾಖಾನೆಯಲ್ಲಿ ಅಪ್ಪನ ಹತ್ತಿರ ಇದ್ದಾಗಲೇ ಇಲ್ಲಿ ನನಗೆ ಹೆಣ್ಣು ಕೂಸು ಹುಟ್ಟಿತು. ಅಪ್ಪನ ತಾಯಿ, ನಮ್ಮ ಆಯಿ, ಸೂಲಗಿತ್ತಿಯ ಜೊತೆ ತಾನೇ ನಿಂತು ಎಲ್ಲ ಮಾಡಿದಳು.

ಕೂಸಿಗೆ ಕೆಲವು ವಾರವಾದ ಮೇಲೆ ಅಪ್ಪನನ್ನು ಬಾಡಿಗೆ ಮೋಟಾರಿನಲ್ಲಿ ಮನೆಗೆ ತಂದರು. ನಾಲ್ಕು ಜನ ಎತ್ತಿ ಇಳಿಸಿದರು. ರುಮಾಲಿಲ್ಲದ ಅಪ್ಪನ ತಲೆಯನ್ನು ನಾನು ನೋಡಿದ್ದು ಅಂದೇ ಮೊದಲು. ಗಲ್ಲ ಒಳಹೋಗಿ, ದನಿ ಕಮ್ಮಿಯಾಗಿ, ಅವರ ಅಂಗಿಯನ್ನು ಬೇರೆ ಯಾರೋ ತೊಟ್ಟುಕೊಂಡು ಬಂದ ಹಾಗಿತ್ತು.

ಕಾಕಾ ಡಾಕ್ಟರರ ಮಾತನ್ನು ಪಾಠ ಒಪ್ಪಿಸಿದಂತೆ ಒಪ್ಪಿಸಿದ. "ಹೊಸದಾಗಿ ಹುಟ್ಟಿ ಬಂದಾರ ಅಂತ ತಿಳೀರಿ, ಕೂಸಿನ್ಹಂಗ ಜ್ವಾಕಿ ಮಾಡ್ರಿ ಅಂದಾರ. ಹಾಸಿಗಿ ಬಿಟ್ಟು ಏಳಬಾರ್ದಂತ. ಅರ್ಧಾ ವರ್ಷ ಏನೂ ಎತ್ತಬಾರ್ದಂತ. ಬೇಕಾದ್ರ ನೀರಿನ ತಂಬಗಿ ಎತ್ತಬಹುದಂತ, ಅದಕಿಂತ ಭಾರ ಎತ್ತಿದ್ರ ಎದಿ ಮತ್ತ ನಿಂತೀತು ಅಂದಾರ. ಎರಡನೇ ಸಲ ನಿಂತ್ರ ನನ್ನ ಕೈಯಾಗಿಲ್ಲ ಅಂದಾರ."

ಆಯಿ ಎಲ್ಲವನ್ನೂ ಕೇಳಿದಳು. ಅವಳಿಗೆ ಹಿಡಿಸಿದ್ದು ಮೊದಲ ಮಾತು ಮಾತ್ರ. ಹೊಸದಾಗಿ ಹುಟ್ಟಿದವರ ಜೋಪಾನ ಅವಳಿಗೆ ಯಾರೂ ಕಲಿಸಬೇಕಾಗಿರಲಿಲ್ಲ. ಹನ್ನೊಂದು ಹೆತ್ತವಳು, ಊರ ತುಂಬ ಬಾಣಂತನ ಮಾಡಿಸಿದವಳು. "ಹಂಗಾರ ಬಾಣಂತಿ ಕೋಣಿಗೆ ಒಯ್ರಿ" ಎಂದಳು. ಕೂಸು ಇದ್ದಲ್ಲಿ ಬಾಣಂತಿಯೂ ಇರಬೇಕಲ್ಲ, ಇಲ್ಲಿ ಬಾಣಂತಿ ಯಾರು ಎಂದು ಅವ್ವ ಮೆಲ್ಲಗೆ ಕೇಳಿದಳು. "ಎರಡೂ ಇಂವನ" ಎಂದು ಆಯಿ ತೀರ್ಪು ಕೊಟ್ಟಳು.

ಮನೆಯಲ್ಲಿ ಗಾಳಿ ಬಾರದ ಕೋಣೆ ಇದ್ದದ್ದೇ ಒಂದು. ಅದರಲ್ಲಿ ನಾನಿದ್ದೆ. ಇಬ್ಬರು ಬಾಣಂತಿಯರು ಒಬ್ಬರ ಮುಖ ಒಬ್ಬರು ನೋಡಬಾರದು, ಒಂದು ಕೂಸನ್ನು ಇನ್ನೊಂದು ಕೂಸು ಮುಟ್ಟಬಾರದು, ಮುಟ್ಟಿದರೆ ಒಂದರ ಆಯುಷ್ಯವನ್ನು ಇನ್ನೊಂದು ಎಳೆದುಕೊಳ್ಳುತ್ತದೆ ಎನ್ನುವುದು ಆಯಿಯ ಕಾಯಿದೆ. ಹಾಗಾಗಿ ಕೋಣೆಯ ನಡುವೆ ಹಗ್ಗ ಕಟ್ಟಿ, ಅವ್ವನ ಹಳೆಯ ಇಳಕಲ್ಲ ಸೀರೆಯೊಂದನ್ನು ಇಳಿಬಿಟ್ಟರು. ಈಚೆ ನಾನು, ಕೂಸು. ಆಚೆ ಅಪ್ಪ. ಪೇಟೆಯ ಕೂಗಾಟದಲ್ಲಿ ಎದ್ದು ಕಾಣುತ್ತಿದ್ದ ಮನುಷ್ಯ, ಕಿವಿಗೆ ಬಟ್ಟೆ ಕಟ್ಟಿಸಿಕೊಂಡು, ಹೊರಸಿನ ಮೇಲೆ ಅಂಗಾತ ಮಲಗಿ, ಅಳವಿ ಬೀಜದ ಪಾಯಸ ಕುಡಿಯತೊಡಗಿದರು.

ಶುರುವಿನಲ್ಲಿ ಅಪ್ಪನ ನೆನಪು ತೂತು ಬಿದ್ದ ಚೀಲದಂತಿತ್ತು. ಹಾಕಿದ್ದು ಹಾಕಿದಂತೆ ಸೋರಿಹೋಗುತ್ತಿತ್ತು. ಸೀರೆಯ ಈಚೆ ಕೂಸು ಅತ್ತರೆ, "ಯಾರದವ್ವಾ ಕೂಸು?" ಎಂದು ಕೇಳುತ್ತಿದ್ದರು. "ನಂದ್ರೀ ಅಪ್ಪಾ, ನಿಮಗ ಮೊಮ್ಮಗಳು ಹುಟ್ಯಾಳ" ಎಂದರೆ, "ಖರೇ?" ಎಂದು ಹಿಗ್ಗಿ, ಸಕ್ಕರೆ ಹಂಚಲು ಅವ್ವನಿಗೆ ಕೂಗುತ್ತಿದ್ದರು. ಸಂಜೆ ಮತ್ತೆ, "ಯಾರದವ್ವಾ ಕೂಸು?" ಮತ್ತೆ ಸಕ್ಕರೆ. ಹೀಗೆ ಅವರು ಒಂದೇ ಮೊಮ್ಮಗಳಿಗೆ ದಿನಕ್ಕೆರಡು ಸಲ ಅಜ್ಜನಾದರು. ಓಣಿಯ ಹುಡುಗರು ಹೊತ್ತಿಗೆ ಸರಿಯಾಗಿ ನಮ್ಮ ಬಾಗಿಲಿಗೆ ಬಂದು ಕೈಯೊಡ್ಡಿ ನಿಲ್ಲುವುದನ್ನು ಕಲಿತರು. ನಾವು ನಗುತ್ತಿದ್ದೆವು. ಒಳಗೊಳಗೆ ಹೆದರುತ್ತಲೂ ಇದ್ದೆವು, ಈ ಚೀಲ ಹೊಲಿಯಲಿಕ್ಕೆ ಬರದಿದ್ದರೆ ಹೇಗೆ ಎಂದು. ಒಂದು ಮುಂಜಾನೆ ಯಾರೂ ಕೇಳದೆ, ಯಾರೂ ಹೇಳದೆ, ಅಪ್ಪ ಆಚೆಯಿಂದ, "ಇವತ್ತ ನಮ್ಮ ಕೂಸು ಯಾಕ ಅಳವಲ್ದು? ಮೈಗೆ ಆರಾಮ ಐತಿಲ್ಲೋ?" ಎಂದರು. ಅವ್ವ ಹಾಲಿನ ಬಟ್ಟಲನ್ನು ಅಲ್ಲೇ ಇಟ್ಟು ಹೊರಗೆ ಹೋಗಿ ಕಂಬ ಹಿಡಿದುಕೊಂಡು ಅತ್ತಳು.

ನೆನಪು ಬಂದದ್ದೇ ತಡ, ಸಿಟ್ಟೂ ಬಂತು. ಎಣ್ಣೆ ಹಚ್ಚಬೇಡಿರಿ, ಕಿವಿ ಕಟ್ಟಬೇಡಿರಿ, ನಾನೇನು ಹೆಂಗಸೇ ಎಂದು ಕೂಗಾಡಿದರು. ಕೂಗಾಡಲಿಕ್ಕೆ ಉಸಿರು ಸಾಲದೆ ಎದೆ ಹಿಡಿದುಕೊಂಡರು. ಪೇಟೆಯ ಗೆಳೆಯರು ನೋಡಲು ಬಂದರೆ, ಆಯಿ ಹೊಸ್ತಿಲ ಮೇಲೆ ಕಾಲು ಚಾಚಿ ಕೂತು, "ಬಾಣಂತಿ ಕೋಣಿಗೆ ಗಂಡಸ್ರು ಬರಂಗಿಲ್ಲ" ಎಂದು ತಡೆಯುತ್ತಿದ್ದಳು. ಅವರಲ್ಲೊಬ್ಬ ಹಿತ್ತಲ ಗೋಡೆಯ ಆಚೆ ನಿಂತು, "ಏನ್ ಹಡದ್ರಿ ಸಾವ್ಕಾರ್ರ?" ಎಂದು ಕೂಗಿದ. ಅಪ್ಪನಿಗೆ ತಡೆಯಲಾಗಲಿಲ್ಲ. "ನನ್ನ ನಾನ ಹಡದೇನೋ ಮಾರಾಯಾ" ಎಂದರು. ಗೋಡೆಯ ಆಚೆ ಎಲ್ಲರೂ ನಕ್ಕರು, ಅಪ್ಪ ನಗಲು ಹೋಗಿ ಹೊಲಿಗೆ ಜಗ್ಗಿ ಅಯ್ಯೋ ಎಂದರು.

ಸೂಡಿಯಿಂದ ನೆಂಟರು ಗಾಡಿ ಕಟ್ಟಿಕೊಂಡು ಬಂದರು. ಅವರಿಗೆ ಅಪ್ಪನ ಆರೋಗ್ಯಕ್ಕಿಂತ ಯಮನ ಊರಿನ ಸುದ್ದಿ ಬೇಕಾಗಿತ್ತು. ಹೆಂಗಸರನ್ನು ಮಾತ್ರ ಆಯಿ ಒಳಗೆ ಬಿಟ್ಟಳು. "ಅಲ್ಲೆ ಏನೇನು ಕಂಡ್ರಿ ಅಣ್ಣಾರ?" ಎಂದು ಒಬ್ಬಾಕೆ ಕೇಳಿದಳು. "ಏನೂ ಇಲ್ಲವ್ವಾ. ಕ್ಲೋರೋಫಾರ್ಮಿನ ವಾಸನಿ ಐತಿ, ಅಷ್ಟ" ಎಂದರು ಅಪ್ಪ. ಅಷ್ಟು ದೂರದಿಂದ ಬಂದವರಿಗೆ ಇದು ಏನೇನೂ ಸಾಲಲಿಲ್ಲ. ಆಯಿ ಅವರನ್ನು ಅಡುಗೆಮನೆಗೆ ಕರೆದುಕೊಂಡು ಹೋಗಿ, ಕೋಣ, ಪಾಶ, ದೊಡ್ಡ ಹೊಳೆ ಎಲ್ಲವನ್ನೂ ಹೇಳಿ ಕಳಿಸಿದಳು. ಎಲ್ಲ ತಾನೇ ಹೋಗಿ ನೋಡಿ ಬಂದಂತೆ ಹೇಳಿದಳು.

ಬಾಣಂತನದಲ್ಲಿ ಒಂದು ಮಾತ್ರ ಎಡವಟ್ಟಾಯಿತು. ಹೊರಸಿನ ಕೆಳಗೆ ಕುಳ್ಳಿನ, ಅಂದರೆ ಬೆರಣಿಯ, ಬೆಂಕಿ ಇಟ್ಟು, ಅದಕ್ಕೆ ಅಜವಾನ, ಬೆಳ್ಳುಳ್ಳಿ ಸಿಪ್ಪೆ ಹಾಕಿ ಹೊಗೆ ಕೊಡುವುದು ನಮ್ಮ ಕಡೆಯ ಪದ್ಧತಿ. ಹೆಣ್ಣುಮಕ್ಕಳಾದ ನಮಗೆ ರೂಢಿ. ಅಪ್ಪನಿಗೆ ಕೆಮ್ಮು ಹತ್ತಿತು. ಕೆಮ್ಮಿದಂತೆಲ್ಲ ಕೊಯ್ದ ಪಕ್ಕೆ ಬಿರಿಯುವಂತಾಗಿ, ಮುಖ ಕಪ್ಪಿಟ್ಟು, ಅವರ ಉಸಿರು ಸೀರೆಯ ಈಚೆಗೂ ಕೇಳುವಷ್ಟು ಜೋರಾಯಿತು. ಆಯಿಯೇ ಬೆಂಕಿಯ ಮೇಲೆ ಬಿಂದಿಗೆ ನೀರು ಸುರಿದಳು. ಊರ ದವಾಖಾನೆಯ ಡಾಕ್ಟರು ಓಡಿಬಂದು ನೋಡಿ, ಸೂಜಿ ಚುಚ್ಚಿ, ಆಮೇಲೆ ಆಯಿಯನ್ನು ಬೈದರು. ಆಯಿ ತಲೆ ತಗ್ಗಿಸಿ ಬೈಸಿಕೊಂಡಳು. ಅವಳು ಹಾಗೆ ಬೈಸಿಕೊಂಡದ್ದನ್ನು ನಾನು ಮತ್ತೆಂದೂ ಕಾಣಲಿಲ್ಲ. "ಹೊಗಿ ಬಿಟ್ಟೆ. ಉಂಡಿ ಬಿಡಂಗಿಲ್ಲ" ಎಂದಳು ಕೊನೆಗೆ. ಡಾಕ್ಟರು ಸೀರೆ, ಹೊರಸು, ಹೊಸ್ತಿಲ ಕಾವಲು ಎಲ್ಲ ನೋಡಿ, "ಉಂಡಿಗೆ ತುಪ್ಪ ಕಮ್ಮಿ ಹಾಕ್ರಿ. ಉಳಿದದ್ದೆಲ್ಲ ಹಿಂಗ ನಡೀಲಿ. ಇವರನ್ನ ಹಿಂಗ ಮಲಗಿಸಿಡಾಕ ನನ್ನ ಕೈಲೆ ಆಗ್ತಿದ್ದಿಲ್ಲ ಬಿಡ್ರಿ" ಎಂದು ನಕ್ಕು ಹೋದರು. ಆಯಿ ಆ ಮಾತನ್ನು ಓಣಿಗೆಲ್ಲ ಹೇಳಿಕೊಂಡು ಬಂದಳು. ಬೈಗುಳದ ಸುದ್ದಿ ಮಾತ್ರ ಅವಳ ಬಾಯಿಂದ ಬರಲಿಲ್ಲ.

ಮಧ್ಯಾಹ್ನ ಮನೆಯವರೆಲ್ಲ ಅಡ್ಡಾಗುತ್ತಿದ್ದರು. ಅಪ್ಪ ಮಾತ್ರ ಮಲಗುತ್ತಿರಲಿಲ್ಲ. ಹೊರಸಿನ ಹಗ್ಗ ಕಿರುಗುಟ್ಟುವುದು ನನಗೆ ಕೇಳುತ್ತಿತ್ತು. ಒಂದು ದಿನ, "ಯಾಕ್ರೀ ಅಪ್ಪಾ, ನಿದ್ದಿ ಬರವಲ್ದೇನು?" ಎಂದೆ.

"ಬರ್ತೈತವ್ವಾ. ನಾನ ಬ್ಯಾಡ ಅಂತೀನಿ. ಅವತ್ತೂ ಮಲಗಸ್ತೀವಿ ಅಂತನ ಮಲಗಿಸಿದ್ರು."

ಹಗಲು ಹನ್ನೆರಡಕ್ಕೆ ಪೇಟೆಯನ್ನೇ ನಡುಗಿಸುತ್ತಿದ್ದವರು ನಿದ್ದೆಗೆ ಹೆದರಿದ್ದರು. "ಮಲಕೋರಿ ಅಪ್ಪಾ. ನಮ್ಮ ಕೂಸು ಹೆಂಗೂ ಯಾರನ್ನೂ ಭಾಳ ಹೊತ್ತು ಮಲಗಾಕ ಬಿಡಂಗಿಲ್ಲ. ಅದ ಎಬ್ಬಸ್ತೈತಿ" ಎಂದೆ. ಅಪ್ಪ ನಕ್ಕರು. ತುಸು ಹೊತ್ತಿಗೆ ಗೊರಕೆ ಕೇಳಿಸಿತು. ಅಂದಿನಿಂದ ಅದೇ ನಮ್ಮ ಕರಾರು. ನಾನು ಎಚ್ಚರಿದ್ದರೆ ಅವರು ಮಲಗುವುದು.

ಅಲ್ಲಿಯವರೆಗೆ ನಾನೂ ಅಪ್ಪನೂ ಎದುರು ಕೂತು ಮಾತಾಡಿದ್ದೇ ಇಲ್ಲ. ತಮ್ಮ ತಾಯಿಯ ಎದುರು ಗಂಡಸರು ಸ್ವಂತ ಮಕ್ಕಳನ್ನು ಮುದ್ದು ಮಾಡುವುದು ಆ ಕಾಲಕ್ಕೆ ಸಲ್ಲದ ಮಾತು. ಅಪ್ಪ ನಮ್ಮನ್ನು ಎತ್ತಿಕೊಂಡವರಲ್ಲ, ಹೆಸರು ಹಿಡಿದು ಕರೆದದ್ದೂ ಕಮ್ಮಿ. ಆ ಸೀರೆ ಅಡ್ಡ ಬಂದ ಮೇಲೆ ಮಾತು ಸಲೀಸಾಯಿತು. ಮುಖ ಕಾಣದಿದ್ದರೆ ಸಂಕೋಚ ಎಲ್ಲಿಂದ ಬರಬೇಕು? ನನ್ನ ಗಂಡ ಹೇಗೆ, ಅತ್ತೆ ಹೇಗೆ, ಚಿಕ್ಕನರಗುಂದದ ಹೊಲದ ಕಡೆ ಬೆಳೆ ಹೇಗೆ, ಎಲ್ಲ ಕೇಳಿದರು. ಒಂದು ದಿನ ಧೈರ್ಯ ಮಾಡಿ ನಾನೂ ಕೇಳಿಬಿಟ್ಟೆ.

"ಅಪ್ಪಾ, ನನ್ನ ಎಂದರ ಎತಗೊಂಡೀರೇನು?"

ಹೊರಸು ಕಿರುಗುಟ್ಟಿತು. ಆಮೇಲೆ, "ಒಮ್ಮಿ. ನಿಮ್ಮ ಆಯಿ ಸೂಡಿಗೆ ಲಗ್ನಕ್ಕ ಹೋಗಿದ್ಲು. ಎತಗೊಂಡು ಹಿತ್ತಲದಾಗ ಒಂದ ಸುತ್ತ ಹಾಕಿದೆ. ಬಾಗಲ ಸಪ್ಪಳಾತು. ಹೆದರಿ ನಿನ್ನ ಜ್ವಾಳದ ಚೀಲದ ಮ್ಯಾಲೆ ಕುಂದ್ರಿಸಿ ಓಡಿಬಿಟ್ಟೆ."

"ಬಂದಾಕಿ ಆಯಿ ಏನು?"

"ಆಕಳಾ" ಎಂದರು ಅಪ್ಪ. ಇಬ್ಬರೂ ನಕ್ಕೆವು. ನಗುತ್ತಲೇ ನನಗೆ ಅಳು ಬಂತು, ಸೀರೆ ಅಡ್ಡ ಇದ್ದದ್ದು ಒಳ್ಳೆಯದೇ ಆಯಿತು.

ಮೊಮ್ಮಕ್ಕಳಿಗೆ ಆ ಕಟ್ಟಳೆ ಇರಲಿಲ್ಲ. ಅಜ್ಜಂದಿರು ಬೇಕಾದಷ್ಟು ಎತ್ತಿಕೊಳ್ಳಬಹುದಿತ್ತು. ಆದರೆ ಅಂದು ರೂಢಿ ಬಿಡಲಿಲ್ಲ, ಇಂದು ಡಾಕ್ಟರು ಬಿಡಲಿಲ್ಲ. ಅಪ್ಪನಿಗೆ ಬೇರೆ ಯಾವ ಆಸೆಯೂ ಉಳಿದಿರಲಿಲ್ಲ. ಹತ್ತಿಯ ಧಾರಣೆ ಕೇಳುವುದನ್ನೂ ಬಿಟ್ಟರು. ಕೂಸನ್ನು ಒಂದು ಸಲ ಎತ್ತಿಕೊಳ್ಳಬೇಕು, ಅಷ್ಟೇ. "ಎಷ್ಟ ಭಾರ ಇದ್ದೀತು? ತಂಬಗಿಗಿಂತ ತುಸು ಜಾಸ್ತಿ" ಎಂದು ಗೊಣಗುತ್ತಿದ್ದರು. ಆಯಿ ಎಲ್ಲೋ ಹೋದಾಗ ಸೀರೆಯ ಅಂಚಿನ ಕೆಳಗಿನಿಂದ ಕೈ ತೂರಿಸುತ್ತಿದ್ದರು. ನಾನು ಕೂಸನ್ನು ಹತ್ತಿರ ಸರಿಸುತ್ತಿದ್ದೆ. ಅದು ಅವರ ಬೆರಳನ್ನು ಗಟ್ಟಿಯಾಗಿ ಹಿಡಿಯುತ್ತಿತ್ತು. ದಲಾಲರು ಪೇಟೆಯಲ್ಲಿ ವಸ್ತ್ರದ ಕೆಳಗೆ ಕೈ ಹಾಕಿ, ಬೆರಳು ಹಿಡಿದು ಬೆಲೆ ಕುದುರಿಸುತ್ತಾರಲ್ಲ, ಅಪ್ಪನಿಗೆ ಅದೇ ಧಾಟಿ. "ಭಾಳ ತುಟ್ಟಿ ಕೇಳ್ತಾಳವ್ವಾ ನಿನ್ನ ಮಗಳು. ಬಿಡವಲ್ಲಳು" ಎನ್ನುತ್ತಿದ್ದರು. "ಆ ಡಾಕ್ಟರೂ ಹಿಂಗ ಒಳಗ ಕೈ ಹಾಕಿ ಯಮನ ಜೋಡಿ ಕುದುರಿಸಿರಬೇಕು ನೋಡು."

ಐದನೆಯ ತಿಂಗಳಿಗೆ ನನ್ನನ್ನು ನರಗುಂದಕ್ಕೆ ಕಳಿಸುವುದೆಂದಾಯಿತು. ಅಪ್ಪ ಅಷ್ಟೊತ್ತಿಗೆ ಗೋಡೆ ಹಿಡಿದು ಪಡಸಾಲೆಯವರೆಗೆ ನಡೆಯುತ್ತಿದ್ದರು. ಡಾಕ್ಟರು ಹೇಳಿದ ಅವಧಿ ಮುಗಿಯಲು ಇನ್ನೂ ದಿನಗಳಿದ್ದವು. ಹೊರಡುವ ಮುಂಜಾನೆ ಸೀರೆಯನ್ನು ಬಿಚ್ಚಿದರು. ಅಪ್ಪನೂ ನಾನೂ ಒಬ್ಬರನ್ನೊಬ್ಬರು ನೋಡಿದೆವು, ನೋಡಿದ್ದೇ ಮಾತು ಬಂದ್ ಆಯಿತು. ತಿಂಗಳುಗಟ್ಟಲೆ ಹರಟೆ ಹೊಡೆದವರು ಮತ್ತೆ ಹಳೆಯ ಅಪ್ಪ, ಹಳೆಯ ಮಗಳಾಗಿ ನೆಲ ನೋಡುತ್ತ ನಿಂತೆವು. ನನಗೆ ನನ್ನ ಮೇಲೆಯೇ ಸಿಟ್ಟು ಬಂತು.

ಆಯಿಗೂ ಅಂದು ಮನಸ್ಸು ಕರಗಿತ್ತು. ಕೂಸನ್ನು ಅಪ್ಪನ ಮುಂದೆ ಹಿಡಿದು, "ಕುಂತು ತೊಡಿಮ್ಯಾಲೆ ಹಾಕ್ಕೋ ತಮ್ಮಾ. ಎತ್ತಬ್ಯಾಡ" ಎಂದಳು. ಅಪ್ಪನ ಕೈ ಮುಂದೆ ಬಂದವು. ಅಲ್ಲಿಗೇ ನಿಂತವು.

"ಬ್ಯಾಡಬೇ. ಒಮ್ಮಿ ಹಾಕ್ಕೊಂಡೆ ಅಂದ್ರ ಎತ್ತದ ಬಿಡಂಗಿಲ್ಲ ನಾ. ಎತ್ತಿದ ಮ್ಯಾಲೆ ಏನರ ಆದ್ರ, ಅಜ್ಜನ್ನ ನುಂಗಿದ ಕೂಸು ಅಂತಾರ ಮಂದಿ ಇದಕ್ಕ. ಹೆಣ್ಣಹುಡುಗಿ." ಆಮೇಲೆ ನನ್ನ ಕಡೆ ನೋಡದೆ, "ನಾನ ಬರ್ತೀನಿ, ನರಗುಂದಕ್ಕ. ಎತ್ತಾಕ" ಎಂದರು.

ಬಸ್ಸಿನಲ್ಲಿ ಶಿರೋಳ ದಾಟುವವರೆಗೂ ನಾನು ಅತ್ತೆ. ಬರುತ್ತೇನೆ ಎಂದವರು ಬರದೇ ಹೋದರೆ ಎನ್ನುವ ಒಂದೇ ಯೋಚನೆ. ಆಮೇಲಿನ ದಿನಗಳಲ್ಲಿ ಗಜೇಂದ್ರಗಡದ ಬಸ್ಸು ಬಂದ ಸದ್ದಾದರೆ ಸಾಕು, ಕೈಯಲ್ಲಿದ್ದ ಕೆಲಸ ಬಿಟ್ಟು ಏಳುತ್ತಿದ್ದೆ. ಯಾರಾದರೂ ನಮ್ಮ ಮನೆಯ ಕಡೆಗೇ ಓಡಿಬರುತ್ತಿದ್ದಾರೆಯೇ ಎಂದು ಬಾಗಿಲಲ್ಲಿ ನಿಂತು ನೋಡುತ್ತಿದ್ದೆ. ಓಡಿಬರುವವರು ಒಳ್ಳೆಯ ಸುದ್ದಿ ತರುವುದಿಲ್ಲ ಎಂದು ನನಗೆ ಗೊತ್ತಿತ್ತು.

ಅಪ್ಪ ಓಡಿ ಬರಲಿಲ್ಲ, ನಿಧಾನ ನಡೆದೇ ಬಂದರು. ದೊಡ್ಡ ದವಾಖಾನೆಯಲ್ಲಿ ತೋರಿಸಿಕೊಂಡು, ಇನ್ನು ಅಡ್ಡಿಯಿಲ್ಲ ಎಂದು ಡಾಕ್ಟರು ಅಂದದ್ದೇ ಮನೆಗೂ ಹೋಗದೆ ನೇರ ನರಗುಂದದ ಬಸ್ಸು ಹತ್ತಿದ್ದರು. ಮನೆಗೆ ಹೋದರೆ ಆಯಿ ಬಿಟ್ಟಾಳೆಯೇ? ತಲೆಯ ಮೇಲೆ ರುಮಾಲಿತ್ತು. ಬೆನ್ನಿಗೆ ಕಾಕಾ ಏದುಸಿರು ಬಿಡುತ್ತ ಬರುತ್ತಿದ್ದ. ನಮ್ಮತ್ತೆ ಕಾಲಿಗೆ ನೀರು ಕೊಟ್ಟರು. ಅಪ್ಪ ಆ ಕಡೆ ನೋಡಲೂ ಇಲ್ಲ.

"ಎಲ್ಲೈತಿ ನಮ್ಮ ಕೂಸು?"

ಕೂಸು ಪಡಸಾಲೆಯಲ್ಲಿ ಅಡುಗೆಮನೆಯ ಕಟ್ಟಿಗೆಯ ಹುಟ್ಟು ಹಿಡಿದು ನೆಲಕ್ಕೆ ಬಡಿಯುತ್ತ ಕೂತಿತ್ತು. ಅದಕ್ಕೆ ಆಗಲೇ ತಂಬಿಗೆಯ ಲೆಕ್ಕ ತಪ್ಪಿಹೋಗಿತ್ತು, ಮೈತುಂಬಿಕೊಂಡು ಗುಂಡಗಾಗಿತ್ತು. ಅಪ್ಪ ಬಾಗಿದರು. ಎರಡೂ ಕೈ ಕೊಟ್ಟು ಎತ್ತಿ ಎಡಗಡೆಯ ಎದೆಗೇ ಅವಚಿಕೊಂಡರು. ಗುರುತಿಲ್ಲದ ರುಮಾಲಿನ ಮುಖ ಕಂಡು ಕೂಸು ಒಂದೇ ಸಲ ಕಿಟಾರನೆ ಚೀರಿತು. ಬೆನ್ನು ಸೆಟೆಸಿ, ಎರಡೂ ಕಾಲಿನಿಂದ ಆ ಹೊಲಿಗೆಯ ಮೇಲೆಯೇ ದಪದಪ ಒದೆಯತೊಡಗಿತು.

"ಅಪ್ಪಾ, ಎದಿ! ಕೊಡ್ರಿ ಇಲ್ಲೆ!" ಎಂದು ಓಡಿದೆ.

"ಒದೀಲಿ ಬಿಡವ್ವಾ" ಎಂದರು ಅಪ್ಪ. ಕೂಸನ್ನು ಇನ್ನೂ ಬಿಗಿಯಾಗಿ ಹಿಡಿದರು. "ಡಾಕ್ಟರ್ ಕೈ ಹಾಕಿ ನೋಡ್ಯಾರ, ಈಕಿ ಕಾಲ ಹಾಕಿ ನೋಡ್ಲಿ. ಗಟ್ಟಿ ಐತಿ. ಖರೇನ ಗಟ್ಟಿ ಐತಿ." ಹಾಗೆನ್ನುತ್ತಲೇ ಅವರ ದನಿ ಒಡೆಯಿತು. ಬೀಗರ ಮನೆಯ ಪಡಸಾಲೆಯಲ್ಲಿ, ಎಲ್ಲರ ಎದುರು, ನಮ್ಮಪ್ಪ ದೊಡ್ಡ ದನಿ ತೆಗೆದು ಅಳತೊಡಗಿದರು. ಕೂಸೂ ಚೀರುವುದನ್ನು ನಿಲ್ಲಿಸಲಿಲ್ಲ. ಇಬ್ಬರಲ್ಲಿ ಯಾರನ್ನು ಮೊದಲು ಸಮಾಧಾನ ಮಾಡಬೇಕೆಂದು ತಿಳಿಯದೆ, ನಾನು ಇಬ್ಬರನ್ನೂ ಸೇರಿಸಿ ತಬ್ಬಿಕೊಂಡು ನಿಂತುಬಿಟ್ಟೆ.